ಹತ್ತು ಗೆಲುವು, ಎಪ್ಪತ್ತೊಂದು ಮತ

2011ರ ಜನಗಣತಿಯಲ್ಲಿ ಹಾವೇರಿ ನಗರದ ಜನಸಂಖ್ಯೆ 67 ಸಾವಿರ. ಅದೇ ಗಣತಿಯಲ್ಲಿ ಲಕ್ಷದ್ವೀಪದ ಎಲ್ಲ ದ್ವೀಪಗಳ ಜನ ಒಟ್ಟು ಸೇರಿ 64 ಸಾವಿರ. ರಾಣೆಬೆನ್ನೂರು ಇವೆರಡಕ್ಕಿಂತಲೂ ದೊಡ್ಡದು. 2024ರ ಚುನಾವಣೆಯಲ್ಲಿ ಈ ಎರಡು ಊರುಗಳನ್ನೂ ಬ್ಯಾಡಗಿಯನ್ನೂ ಒಳಗೊಂಡ ಹಾವೇರಿ ಲೋಕಸಭಾ ಕ್ಷೇತ್ರದ 17 ಲಕ್ಷಕ್ಕೂ ಹೆಚ್ಚು ಮತದಾರರಿಗೆ ಇದ್ದುದು ಒಂದು ಸ್ಥಾನ. ಲಕ್ಷದ್ವೀಪದ ಸುಮಾರು 57 ಸಾವಿರ ಮತದಾರರಿಗೂ ಒಂದು ಸ್ಥಾನ. ಲೆಕ್ಕದ ಕಣ್ಣಿಗೆ ಇದು ಅನ್ಯಾಯವೆಂದು ತೋರುವುದು ಸಹಜ. ಲೋಕಸಭಾ ಸ್ಥಾನಗಳನ್ನು ಜನಸಂಖ್ಯೆಯ ಆಧಾರದ ಮೇಲೆಯೇ ಮರುಹಂಚಿದರೆ ತಮ್ಮ ದನಿ ಕುಗ್ಗೀತು ಎಂದು ಕರ್ನಾಟಕವೂ ಸೇರಿದಂತೆ ದಕ್ಷಿಣದ ರಾಜ್ಯಗಳು ಆತಂಕ ವ್ಯಕ್ತಪಡಿಸಿರುವ ಕಾಲದಲ್ಲಿ, ದೇಶದ ಅತ್ಯಂತ ಕಿರಿಯ ಕ್ಷೇತ್ರವನ್ನು 37 ವರ್ಷ ಪ್ರತಿನಿಧಿಸಿದ ಪಿ.ಎಂ. ಸಯೀದ್ ಅವರ ಬದುಕನ್ನು ಮತ್ತೊಮ್ಮೆ ನೋಡುವುದು ಉಚಿತ.

ಪದನಾಥ ಮಹಮ್ಮದ್ ಸಯೀದ್ ಹುಟ್ಟಿದ್ದು 1941ರ ಮೇ 10ರಂದು, ಆಂಡ್ರೋತ್ ದ್ವೀಪದಲ್ಲಿ. ಆಗ ಈ ದ್ವೀಪಗಳಿಗೆ ಒಂದೇ ಆಡಳಿತವಿರಲಿಲ್ಲ. ಆಂಡ್ರೋತ್, ಕವರತ್ತಿ ಮೊದಲಾದವು ಮಲಬಾರ್ ಜಿಲ್ಲೆಗೆ ಸೇರಿದ್ದರೆ, ಅಮಿನಿ, ಕಡಮತ್, ಕಿಲ್ತಾನ್, ಚೆತ್ಲಾತ್, ಬಿತ್ರಾ ಎಂಬ ಅಮಿನಿದಿವಿ ದ್ವೀಪಗಳು ನಮ್ಮ ದಕ್ಷಿಣ ಕನ್ನಡ ಜಿಲ್ಲೆಯ ಭಾಗವಾಗಿದ್ದವು. ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಕಣ್ಣೂರಿನ ಅರಕ್ಕಲ್ ಮನೆತನದ ದಬ್ಬಾಳಿಕೆಗೆ ಬೇಸತ್ತ ಅಮಿನಿಯ ಜನ ಮಂಗಳೂರಿಗೆ ಬಂದು ಟಿಪ್ಪುವಿನ ಆಶ್ರಯ ಕೇಳಿದಂದಿನಿಂದ ಬೆಳೆದ ಸಂಬಂಧವದು. 1956ರ ನವೆಂಬರ್ 1ರಂದು ಕನ್ನಡ ನಾಡು ಒಂದಾಯಿತೆಂದು ನಾವು ಸಂಭ್ರಮಿಸಿದ ದಿನವೇ ಈ ಐದು ದ್ವೀಪಗಳು ಮಂಗಳೂರಿನಿಂದ ಕಳಚಿಕೊಂಡು ಹೊಸ ಕೇಂದ್ರಾಡಳಿತ ಪ್ರದೇಶಕ್ಕೆ ಸೇರಿದವು. ನಮ್ಮ ಏಕೀಕರಣದ ಕಥನಗಳಲ್ಲಿ ಈ ಅಗಲಿಕೆಗೆ ಒಂದು ಸಾಲಿನ ಜಾಗವೂ ಸಿಕ್ಕಿದ್ದು ಅಪರೂಪ.

ಆಡಳಿತದ ನಂಟು ಹರಿದರೂ ಕಡಲ ದಾರಿ ಉಳಿಯಿತು. ಕಾಲೇಜು ಓದಬೇಕೆನ್ನುವ ದ್ವೀಪದ ಹುಡುಗ ಆ ದಿನಗಳಲ್ಲಿ ಸಮುದ್ರ ದಾಟಲೇಬೇಕಿತ್ತು. ಸಯೀದ್ ಮಂಗಳೂರಿನ ಸರ್ಕಾರಿ ಕಾಲೇಜಿನಲ್ಲಿ ಓದಿದರು. ಅನಂತರ ಮುಂಬೈಯ ಸಿದ್ಧಾರ್ಥ ಕಾನೂನು ಕಾಲೇಜಿನಲ್ಲಿ ಕಾನೂನು ಪದವಿ ಪಡೆದರು.

ಮೊದಲ ಹತ್ತು ವರ್ಷ ಲಕ್ಷದ್ವೀಪದ ಜನ ಸಂಸತ್ ಸದಸ್ಯರನ್ನು ಆರಿಸುತ್ತಿರಲಿಲ್ಲ. ರಾಷ್ಟ್ರಪತಿಗಳು ಒಬ್ಬರನ್ನು ನಾಮಕರಣ ಮಾಡುತ್ತಿದ್ದರು. 1967ರಲ್ಲಿ ಮೊದಲ ಬಾರಿಗೆ ಮತಪೆಟ್ಟಿಗೆ ಬಂದಾಗ ಪಕ್ಷೇತರರಾಗಿ ನಿಂತು ಗೆದ್ದ ಸಯೀದ್‌ಗೆ ಆಗ 25 ವರ್ಷ, ಅಂದರೆ ಲೋಕಸಭೆಗೆ ಸ್ಪರ್ಧಿಸಲು ಸಂವಿಧಾನ ನಿಗದಿಪಡಿಸಿದ ಕನಿಷ್ಠ ವಯಸ್ಸು. ಬಳಿಕ ಕಾಂಗ್ರೆಸ್ ಸೇರಿದರು. 1971ರಲ್ಲಿ ಅವರ ಆಯ್ಕೆ ಅವಿರೋಧ. ಉತ್ತರ ಭಾರತದಲ್ಲಿ ಕಾಂಗ್ರೆಸ್ ನೆಲಕಚ್ಚಿದ 1977ರಲ್ಲೂ ಅವರು ಗೆದ್ದರು. ಪಕ್ಷ ಒಡೆದಾಗ ಇಂದಿರಾ ಗಾಂಧಿಯವರ ಜೊತೆ ಹೋಗದೆ ದೇವರಾಜ ಅರಸರ ಕಾಂಗ್ರೆಸ್ಸಿನಲ್ಲಿ ನಿಂತರು. ಚರಣ್ ಸಿಂಗ್ ಸರ್ಕಾರದಲ್ಲಿ ಉಕ್ಕು, ಕಲ್ಲಿದ್ದಲು ಮತ್ತು ಗಣಿ ಖಾತೆಯ ರಾಜ್ಯ ಸಚಿವರಾದರು. 1980ರಲ್ಲಿ ಅರಸರ ಪಕ್ಷ ತವರಾದ ಕರ್ನಾಟಕದಲ್ಲೇ ಬರಿಗೈಯಾದಾಗ ಸಯೀದ್ ಅದೇ ಪಕ್ಷದಿಂದ ದ್ವೀಪದಲ್ಲಿ ಗೆದ್ದುಬಂದರು. ಪಕ್ಷಕ್ಕಿಂತ ವ್ಯಕ್ತಿ ದೊಡ್ಡವನಾಗುವುದು ಎಂದರೇನು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ನಿದರ್ಶನ ಬೇಕಿಲ್ಲ.

ಇದೇ ಅವಧಿಯಲ್ಲಿ ಹಾವೇರಿ ಸೀಮೆಯನ್ನೊಳಗೊಂಡ ಧಾರವಾಡ ದಕ್ಷಿಣ ಕ್ಷೇತ್ರದಿಂದ ಎಫ್.ಎಚ್. ಮೊಹಸಿನ್ ಅವರು 1962ರಿಂದ ಸತತ ಐದು ಬಾರಿ ಆಯ್ಕೆಯಾಗಿ ಸಯೀದರ ಜೊತೆಗೇ ಲೋಕಸಭೆಯಲ್ಲಿದ್ದರು. ಇಬ್ಬರೂ ಬೇರೆ ಬೇರೆ ಕಾಲದಲ್ಲಿ ಗೃಹ ಖಾತೆಯ ಕಿರಿಯ ಸಚಿವರಾದವರು. ಆದರೆ ಇಬ್ಬರ ಹೊಣೆಯಲ್ಲಿ ಮೂಲಭೂತ ಅಂತರವಿತ್ತು. ಬ್ಯಾಡಗಿಯ ಮೆಣಸಿನಕಾಯಿ ಬೆಳೆಗಾರನ ದೂರನ್ನು ಕೇಳಲು ಶಾಸಕರಿದ್ದರು, ರಾಜ್ಯದ ಮಂತ್ರಿಗಳಿದ್ದರು. ಲಕ್ಷದ್ವೀಪದಲ್ಲಿ ವಿಧಾನಸಭೆಯಿಲ್ಲ, ಆಡಳಿತಾಧಿಕಾರಿಯನ್ನು ಕಳುಹಿಸುವುದು ದೆಹಲಿ. ಪಂಚಾಯತಿಗಳಿಗೆ ಕಾನೂನು ರೂಪ ಸಿಕ್ಕಿದ್ದೇ 1994ರಲ್ಲಿ. ಅದುವರೆಗೆ ಹಡಗು, ಅಕ್ಕಿ, ಔಷಧ, ನೌಕರಿ ಎಲ್ಲಕ್ಕೂ ಸರ್ಕಾರವನ್ನೇ ನಂಬಿದ, ತೀರದಿಂದ 220ರಿಂದ 440 ಕಿಲೋಮೀಟರ್ ದೂರದ ಸಮಾಜಕ್ಕೆ ಆ ಸರ್ಕಾರವನ್ನು ಪ್ರಶ್ನಿಸಬಲ್ಲ ಗಟ್ಟಿ ದನಿ ಎಂದರೆ ಲೋಕಸಭೆಯಲ್ಲಿದ್ದ ಅವರ ಏಕೈಕ ಸದಸ್ಯ. 57 ಸಾವಿರ ಮತದಾರರಿಗೆ ಒಂದು ಸ್ಥಾನ ಏಕೆ ಎಂಬ ಪ್ರಶ್ನೆಗೆ ಉತ್ತರ ಇಲ್ಲಿದೆ. ಇದರ ಇನ್ನೊಂದು ಮುಖವನ್ನೂ ಮರೆಯಲಾಗದು. ಒಬ್ಬನೇ ದನಿಯಾದಾಗ ಆ ದನಿಗೆ ಎದುರಾಡುವುದು ಕಷ್ಟ; ಹತ್ತು ಸತತ ಗೆಲುವು ಜನಪ್ರೀತಿಯ ಅಳತೆ ಮಾತ್ರವೇ ಎಂದು ಕೇಳಲೇಬೇಕಾಗುತ್ತದೆ.

ಪಿ.ವಿ. ನರಸಿಂಹ ರಾವ್ ಸಂಪುಟದಲ್ಲಿ ಗೃಹ, ಆಮೇಲೆ ವಾರ್ತಾ ಮತ್ತು ಪ್ರಸಾರ ಖಾತೆಯ ರಾಜ್ಯ ಸಚಿವರಾಗಿದ್ದ ಸಯೀದರನ್ನು ಇತಿಹಾಸ ನೆನೆಯಬೇಕಾದುದು ಬೇರೆಯದೇ ಕೆಲಸಕ್ಕೆ. 1998ರ ಡಿಸೆಂಬರ್‌ನಲ್ಲಿ, ವಾಜಪೇಯಿ ಸರ್ಕಾರವಿದ್ದಾಗ, ಪ್ರತಿಪಕ್ಷದಿಂದ ಅವರು ಲೋಕಸಭೆಯ ಉಪಸಭಾಧ್ಯಕ್ಷರಾದರು. 2002ರ ಮಾರ್ಚ್ 3ರಂದು ಸಭಾಧ್ಯಕ್ಷ ಜಿ.ಎಂ.ಸಿ. ಬಾಲಯೋಗಿ ಹೆಲಿಕಾಪ್ಟರ್ ಅಪಘಾತದಲ್ಲಿ ಮಡಿದಾಗ ಪೀಠದ ಪೂರ್ಣ ಹೊಣೆ ಸಯೀದರ ಮೇಲೆ ಬಿತ್ತು. ಗುಜರಾತ್ ಹೊತ್ತಿ ಉರಿದ ದಿನಗಳವು. ಮತಕ್ಕೆ ಹಾಕುವ ನಿಯಮ 184ರ ಅಡಿಯಲ್ಲೇ ಚರ್ಚೆಯಾಗಬೇಕೆಂದು ಪ್ರತಿಪಕ್ಷಗಳು ಕಲಾಪವನ್ನು ದಿನಗಟ್ಟಲೆ ತಡೆದವು. ಸಯೀದ್ ಅದಕ್ಕೆ ಅವಕಾಶ ಕೊಟ್ಟರು. ಏಪ್ರಿಲ್ 30ರಂದು ಆರಂಭವಾದ ಚರ್ಚೆ ರಾತ್ರಿಯಿಡೀ ನಡೆದು, ಮೇ 1ರ ನಸುಕಿನಲ್ಲಿ ನಿರ್ಣಯ 182ಕ್ಕೆ ಎದುರಾಗಿ 276 ಮತಗಳಿಂದ ಬಿತ್ತು. ಸರ್ಕಾರ ಉಳಿಯಿತು, ಸದನ ಮಾತಾಡಿತು. ಮನೋಹರ ಜೋಶಿ ಸಭಾಧ್ಯಕ್ಷರಾದದ್ದು ಮೇ 10ರಂದು. ಆ ಎರಡು ತಿಂಗಳು, ದೇಶದ ಅತಿ ಕಡಿಮೆ ಮತದಾರರ ಪ್ರತಿನಿಧಿ ನೂರು ಕೋಟಿ ಜನರ ಸದನವನ್ನು ನಡೆಸಿದರು. ಉಪಸಭಾಧ್ಯಕ್ಷರೇ ಇಲ್ಲದೆ 17ನೇ ಲೋಕಸಭೆ 2019ರಿಂದ 2024ರವರೆಗಿನ ತನ್ನ ಅವಧಿಯನ್ನು ಮುಗಿಸಿತೆಂಬುದನ್ನು ಕಂಡಾಗ ಆ ಪೀಠದ ಬೆಲೆ ಇನ್ನಷ್ಟು ಅರಿವಾಗುತ್ತದೆ.

2004ರಲ್ಲಿ ಹನ್ನೊಂದನೆಯ ಬಾರಿ ಮತ ಕೇಳಿದಾಗ ಸಯೀದ್ ಸೋತರು. ಎದುರಾಳಿ ಸಂಯುಕ್ತ ಜನತಾದಳದ ಪೂಕುಂಞಿ ಕೋಯ. ಅಂತರ 71 ಮತ. ಇಬ್ಬರಿಗೂ ಬಿದ್ದ ಮತಗಳು ಒಟ್ಟು 31 ಸಾವಿರದಷ್ಟು, ಹೆಚ್ಚುಕಡಿಮೆ ಬ್ಯಾಡಗಿ ಪಟ್ಟಣದ ಜನಸಂಖ್ಯೆ. ನಾಲ್ಕಾರು ಮನೆಗಳ ಮುನಿಸು ಮೂರೂವರೆ ದಶಕದ ಪಾರುಪತ್ಯವನ್ನು ಕೊನೆಗಾಣಿಸಬಲ್ಲ ಕ್ಷೇತ್ರವದು.

ಸೋತರೂ ಮನಮೋಹನ್ ಸಿಂಗ್ ಸಂಪುಟದಲ್ಲಿ ಅವರಿಗೆ ಇಂಧನ ಖಾತೆ ದೊರೆಯಿತು. ಡೀಸೆಲ್ ಜನರೇಟರುಗಳಿಂದ ದೀಪ ಉರಿಸುತ್ತಿದ್ದ ದ್ವೀಪಗಳಿಂದ ಬಂದವರು ಮಂತ್ರಿಯಾಗಿದ್ದಾಗಲೇ, 2005ರ ಏಪ್ರಿಲ್‌ನಲ್ಲಿ, ರಾಜೀವ್ ಗಾಂಧಿ ಗ್ರಾಮೀಣ ವಿದ್ಯುದೀಕರಣ ಯೋಜನೆ ಆರಂಭವಾಯಿತು. ಅದೇ ವರ್ಷ ಡಿಸೆಂಬರ್ 18ರಂದು ದಕ್ಷಿಣ ಕೊರಿಯಾದ ಸೋಲ್‌ನಲ್ಲಿ ಅವರು ನಿಧನರಾದರು. ಆಗ ಅವರು ರಾಜ್ಯಸಭೆಯಲ್ಲಿ ಪ್ರತಿನಿಧಿಸುತ್ತಿದ್ದುದು ಕಡಲಿಲ್ಲದ ದೆಹಲಿಯನ್ನು. ದ್ವೀಪದ ಸ್ಥಾನ 2009ರಲ್ಲಿ ಅವರ ಮಗ ಹಮ್ದುಲ್ಲಾ ಸಯೀದ್ ಪಾಲಾಯಿತು; 2014 ಮತ್ತು 2019ರಲ್ಲಿ ಮತದಾರರು ಅವರನ್ನು ಸೋಲಿಸಿದರು, 2024ರಲ್ಲಿ ಮತ್ತೆ ಗೆಲ್ಲಿಸಿದರು.