ಎಂಟು ಕಲೆಗಳ ಅಂತರ

ಗುರುವು ಯಾವ ದಿನ ಯಾವ ರಾಶಿಯನ್ನು ಪ್ರವೇಶಿಸುವನು, ಗ್ರಹಣವು ಎಷ್ಟು ಹೊತ್ತಿಗೆ ಹಿಡಿದು ಎಷ್ಟು ಹೊತ್ತಿಗೆ ಬಿಡುವುದು ಎಂಬ ಸಂಗತಿಗಳನ್ನು ಪಂಚಾಂಗದಲ್ಲಿ ನೋಡಿಕೊಳ್ಳದ ಮನೆಗಳು ನಮ್ಮಲ್ಲಿ ವಿರಳ. ದೃಗ್ಗಣಿತವನ್ನು ಅನುಸರಿಸುವ ಪಂಚಾಂಗಗಳ ಗ್ರಹಗತಿಯ ಲೆಕ್ಕವು ಯಾವ ನಿಯಮಗಳ ತಳಹದಿಯ ಮೇಲೆ ನಿಂತಿದೆಯೋ ಆ ನಿಯಮಗಳನ್ನು ಕಂಡುಹಿಡಿದವನು ಜರ್ಮನಿ ದೇಶದ ಜೊಹಾನೆಸ್ ಕೆಪ್ಲರ್ ಎಂಬ ಗಣಿತಜ್ಞನು. ಆತನ ಹೆಸರು ಪಾಠಪುಸ್ತಕಗಳಲ್ಲಿ ಮೂರು ಸೂತ್ರಗಳಿಗೆ ಅಂಟಿಕೊಂಡು ಉಳಿದಿದೆ. ಆ ಸೂತ್ರಗಳನ್ನು ಬಾಯಿಪಾಠ ಮಾಡುವ ವಿದ್ಯಾರ್ಥಿಗೆ, ಅವುಗಳಲ್ಲಿ ಮೊದಲನೆಯದು ಹುಟ್ಟಬೇಕಾದರೆ ಎರಡು ಸಾವಿರ ವರ್ಷಗಳಷ್ಟು ಹಳೆಯ ನಂಬಿಕೆಯೊಂದನ್ನು ಆತನು ಕೈಬಿಡಬೇಕಾಯಿತೆಂಬುದನ್ನು ಯಾರೂ ತಿಳಿಸುವುದಿಲ್ಲ. ಆ ವೃತ್ತಾಂತವನ್ನು ವಾಚಕರ ಮುಂದಿಡಬೇಕೆಂದು ನಮ್ಮ ಉದ್ದೇಶ.

ಕೆಪ್ಲರನು 1571ನೆಯ ಇಸವಿ ಡಿಸೆಂಬರ್ 27ರಂದು ದಕ್ಷಿಣ ಜರ್ಮನಿಯ ವೈಲ್ ಡೆರ್ ಸ್ಟಾಟ್ ಎಂಬ ಸಣ್ಣ ಪಟ್ಟಣದಲ್ಲಿ ದಿನ ತುಂಬುವ ಮೊದಲೇ ಹುಟ್ಟಿದನು. ತಂದೆಯು ಸಂಬಳಕ್ಕಾಗಿ ಯಾರ ಪಕ್ಷದಲ್ಲಾದರೂ ಕಾದುವ ಸಿಪಾಯಿ. ಹೆಂಡತಿ ಮಕ್ಕಳನ್ನು ಪದೇಪದೇ ತೊರೆದು ಹೋಗಿ, ಕೊನೆಗೆ ಹೋದವನು ಮರಳಿ ಬರಲೇ ಇಲ್ಲ. ತಾಯಿ ಕಾಥರೀನಾ ಬೇರು ನಾರುಗಳ ಔಷಧವನ್ನು ಬಲ್ಲವಳು, ಮಾತಿನಲ್ಲಿ ತೀಕ್ಷ್ಣೆ. ಬಾಲ್ಯದಲ್ಲಿ ಬಂದ ಸಿಡುಬು ಹುಡುಗನ ಕೈಗಳನ್ನು ಕುಂದಿಸಿ ದೃಷ್ಟಿಯನ್ನು ಮಂದಗೊಳಿಸಿತು. 1577ರಲ್ಲಿ ದೊಡ್ಡ ಧೂಮಕೇತುವೊಂದು ಕಾಣಿಸಿಕೊಂಡಾಗ ತಾಯಿಯು ಮಗನನ್ನು ಎತ್ತರದ ಸ್ಥಳಕ್ಕೆ ಕರೆದುಕೊಂಡು ಹೋಗಿ ಅದನ್ನು ತೋರಿಸಿದಳು. ಆಕಾಶವನ್ನು ತನ್ನ ಕಣ್ಣಿನಿಂದ ಚೆನ್ನಾಗಿ ನೋಡಲಾರದವನು ಆಕಾಶದ ಶಾಸನಗಳನ್ನು ಬರೆಯುವವನಾದನು.

ಬಡ ಹುಡುಗರಿಗೆಂದು ಆ ಸೀಮೆಯ ಪ್ರಭುಗಳು ಇಟ್ಟಿದ್ದ ವಿದ್ಯಾರ್ಥಿವೇತನದಿಂದ ಆತನ ಓದು ಸಾಗಿತು. ಟ್ಯುಬಿಂಗೆನ್ ವಿಶ್ವವಿದ್ಯಾಲಯದಲ್ಲಿ ಧರ್ಮೋಪದೇಶಕನಾಗಲು ಓದುತ್ತಿದ್ದಾಗ, ಸೂರ್ಯನನ್ನು ಭೂಮಿಯು ಸುತ್ತುವುದೆಂದು 1543ರಲ್ಲಿ ಗ್ರಂಥ ಪ್ರಕಟಿಸಿದ ಕೊಪರ್ನಿಕಸನ ಸಿದ್ಧಾಂತವನ್ನು ಗುರು ಮೇಸ್ಟ್‌ಲಿನನಿಂದ ಕಲಿತು ಅದಕ್ಕೆ ಮನಸೋತನು. ಓದು ಮುಗಿಯುವ ಮೊದಲೇ, 1594ರಲ್ಲಿ, ಆಸ್ಟ್ರಿಯಾದ ಗ್ರಾಟ್ಸ್ ನಗರದಲ್ಲಿ ಗಣಿತದ ಉಪಾಧ್ಯಾಯನ ಕೆಲಸ ದೊರೆಯಿತು. ಅಲ್ಲಿ ವರ್ಷ ವರ್ಷವೂ ಪಂಚಾಂಗ ಬರೆದು ಭವಿಷ್ಯ ಹೇಳುವುದೂ ಹುದ್ದೆಯ ಕರ್ತವ್ಯಗಳಲ್ಲೊಂದು. ಮೊದಲ ಪಂಚಾಂಗದಲ್ಲಿ ಘೋರ ಚಳಿಯನ್ನೂ ತುರ್ಕರ ದಂಡಯಾತ್ರೆಯನ್ನೂ ಹೇಳಿದ್ದನು. ದೈವವಶಾತ್ ಎರಡೂ ನಡೆದುವು. ಫಲಜ್ಯೋತಿಷದಲ್ಲಿ ಆತನಿಗೆ ಪೂರ್ಣ ನಂಬಿಕೆಯಿರಲಿಲ್ಲ, ಪೂರ್ಣ ಅಪನಂಬಿಕೆಯೂ ಇರಲಿಲ್ಲ. ಆದರೆ ಸಂಬಳ ಬಾರದ ದಿನಗಳಲ್ಲಿ ಜಾತಕಗಳೇ ಮನೆಯ ಒಲೆಯನ್ನು ಹೊತ್ತಿಸಿದುವು.

1595ನೆಯ ಇಸವಿ ಜುಲೈ 19ರಂದು ಗುರು ಶನಿಗಳ ಯುತಿಯನ್ನು ವಿದ್ಯಾರ್ಥಿಗಳಿಗೆ ಚಿತ್ರ ಬರೆದು ವಿವರಿಸುತ್ತಿದ್ದಾಗ ಆತನ ಮನಸ್ಸಿಗೆ ಒಂದು ಕಲ್ಪನೆ ಹೊಳೆಯಿತು. ಎಲ್ಲ ಮುಖಗಳೂ ಸಮವಾಗಿರುವ ಕ್ರಮಬದ್ಧ ಘನಾಕೃತಿಗಳು ಐದೇ ಉಂಟು, ಆರನೆಯದು ಅಸಾಧ್ಯ; ಇದನ್ನು ಯೂಕ್ಲಿಡನು ತನ್ನ ರೇಖಾಗಣಿತದ ಕೊನೆಯ ಭಾಗದಲ್ಲಿ ಸಾಧಿಸಿದ್ದಾನೆ. ಆಗ ತಿಳಿದಿದ್ದ ಗ್ರಹಗಳು ಭೂಮಿಯೂ ಸೇರಿ ಆರು. ಅವುಗಳ ನಡುವಣ ಎಡೆಗಳು ಐದು. ಹೀಗಿರಲಾಗಿ, ಶನಿಗೂ ಗುರುವಿಗೂ ನಡುವೆ ಆರು ಮುಖದ ಘನವನ್ನೂ, ಗುರುವಿಗೂ ಕುಜನಿಗೂ ನಡುವೆ ಚತುಷ್ಫಲಕವನ್ನೂ, ಹೀಗೆಯೇ ಒಂದರೊಳಗೊಂದಾಗಿ ಐದನ್ನೂ ಇರಿಸಿ ಪರಮೇಶ್ವರನು ಜಗತ್ತನ್ನು ರಚಿಸಿರಬೇಕೆಂದು ಕೆಪ್ಲರನು ನಿಶ್ಚಯಿಸಿದನು. ಲೆಕ್ಕ ಹಾಕಲಾಗಿ ದೂರಗಳು ಬಹುಮಟ್ಟಿಗೆ ಹೊಂದಿಕೊಂಡುವು. 1596ರಲ್ಲಿ ಆ ಗ್ರಂಥವು ಅಚ್ಚಾಯಿತು. ಇಷ್ಟು ಸುಂದರವಾದ ತಪ್ಪು ಶಾಸ್ತ್ರಗಳ ಇತಿಹಾಸದಲ್ಲಿ ಅಪರೂಪ. 1781ರಲ್ಲಿ ಯುರೇನಸ್ ಎಂಬ ಏಳನೆಯ ಗ್ರಹವು ಕಾಣಿಸಿಕೊಂಡಾಗ ಆ ಕಟ್ಟಡವು ಬುಡಸಹಿತ ಬಿದ್ದುಹೋಯಿತು. ಕೆಪ್ಲರನು ಮಾತ್ರ ಅದನ್ನು ಕೊನೆಯವರೆಗೂ ಪ್ರೀತಿಸಿದನು.

ಹೊಂದಿಕೆಯು ಬಹುಮಟ್ಟಿಗೆ ಇದ್ದರೆ ಸಾಲದು, ಪೂರ್ಣವಾಗಬೇಕು ಎಂಬ ಹಟವು ಆತನಿಗಿತ್ತು. ಅದಕ್ಕೆ ನಿಖರವಾದ ವೇಧಗಳು ಬೇಕು. ಅವು ಇದ್ದದ್ದು ಒಬ್ಬನ ಬಳಿಯಲ್ಲಿ ಮಾತ್ರ. ಡೆನ್ಮಾರ್ಕಿನ ಶ್ರೀಮಂತ ಟೈಕೊ ಬ್ರಾಹೆಯು ಹ್ವೇನ್ ದ್ವೀಪದಲ್ಲಿ ವೇಧಶಾಲೆಯನ್ನು ಕಟ್ಟಿಸಿ, ದೂರದರ್ಶಕವಿನ್ನೂ ಹುಟ್ಟದ ಆ ಕಾಲದಲ್ಲಿ ಬರಿಗಣ್ಣಿನಿಂದಲೂ ದೊಡ್ಡ ಯಂತ್ರಗಳಿಂದಲೂ ಇಪ್ಪತ್ತು ವರ್ಷಗಳ ಕಾಲ ಗ್ರಹಗಳನ್ನು ಅಳೆದಿದ್ದನು. ತನ್ನ ದೇಶದ ಅರಸನೊಡನೆ ವಿರಸವಾಗಿ ಆತನು ಚಕ್ರವರ್ತಿ ಎರಡನೆಯ ರುಡಾಲ್ಫನ ಆಶ್ರಯಕ್ಕೆ, ಪ್ರಾಗ್ ನಗರದ ಸಮೀಪಕ್ಕೆ ಬಂದಿದ್ದನು. ಇತ್ತ ಗ್ರಾಟ್ಸಿನಲ್ಲಿ ಪ್ರಾಟೆಸ್ಟೆಂಟರು ಮತಾಂತರವಾಗಬೇಕು ಇಲ್ಲವೆ ಊರು ಬಿಡಬೇಕೆಂದು ಆಜ್ಞೆಯಾಗಲು, ಕೆಪ್ಲರನು ಮತವನ್ನು ಬಿಡದೆ ಊರನ್ನು ಬಿಟ್ಟನು. 1600ರಲ್ಲಿ ಇಬ್ಬರೂ ಕೂಡಿದರು. ಒಬ್ಬನು ಐಶ್ವರ್ಯವಂತ, ಲೋಹದ ಮೂಗು ಧರಿಸಿದ ಗರ್ವಿಷ್ಠ. ಮತ್ತೊಬ್ಬನು ನಿರ್ಗತಿಕ, ಸಂಶಯ ಪ್ರಕೃತಿಯವನು. ಜಗಳಗಳಾದುವು, ರಾಜಿಗಳಾದುವು. ಟೈಕೊ ತನ್ನ ವೇಧಗಳನ್ನು ಸ್ವಲ್ಪ ಸ್ವಲ್ಪವಾಗಿ ಮಾತ್ರ ತೋರಿಸುತ್ತ, ಎಲ್ಲರಿಗೂ ಕಷ್ಟವಾಗಿದ್ದ ಕುಜಗ್ರಹದ ಲೆಕ್ಕವನ್ನು ಕೆಪ್ಲರನಿಗೆ ವಹಿಸಿದನು. ಎಂಟು ದಿನಗಳಲ್ಲಿ ಮುಗಿಸುವೆನೆಂದು ಕೆಪ್ಲರನು ಜಂಬ ಕೊಚ್ಚಿಕೊಂಡನು. ಹಿಡಿದದ್ದು ಐದು ವರ್ಷಗಳಿಗೂ ಹೆಚ್ಚು. 1601ರ ಅಕ್ಟೋಬರಿನಲ್ಲಿ ಟೈಕೊ ತೀರಿಕೊಂಡ ಬಳಿಕ ಆತನ ಸ್ಥಾನವೂ ವೇಧಗಳ ರಾಶಿಯೂ ಕೆಪ್ಲರನ ಪಾಲಿಗೆ ಬಂದುವು.

ಇಲ್ಲಿ ವಾಚಕರು ಕೊಂಚ ನಿಂತು ನೋಡಬೇಕು. ಗ್ರಹಗಳ ಗತಿಯು ವೃತ್ತಾಕಾರವಾದದ್ದೆಂಬುದು ಅಂದಿಗೆ ಪ್ರಶ್ನಾತೀತವಾದ ಮಾತು. ಗ್ರೀಕರ ಟಾಲೆಮಿಯು ವೃತ್ತಗಳ ಮೇಲೆ ವೃತ್ತಗಳನ್ನಿಟ್ಟು ಲೆಕ್ಕ ಹಾಕಿದನು; ನಮ್ಮ ಸಿದ್ಧಾಂತಿಗಳ ಮಂದಫಲ ಶೀಘ್ರಫಲಗಳೂ ವೃತ್ತಗಳಿಂದಲೇ ಸಾಧಿಸಲ್ಪಟ್ಟುವು; ಭೂಮಿಯನ್ನೇ ಕದಲಿಸಿದ ಕೊಪರ್ನಿಕಸನು ಕೂಡ ವೃತ್ತವನ್ನು ಕದಲಿಸಲಿಲ್ಲ. ಕೆಪ್ಲರನೂ ವೃತ್ತದಿಂದಲೇ ಆರಂಭಿಸಿದನು. ಟೈಕೊವಿನ ವೇಧಗಳಲ್ಲಿ ನಾಲ್ಕನ್ನು ಆರಿಸಿ, ಅವುಗಳಿಗೆ ಒಪ್ಪುವ ವೃತ್ತವನ್ನು ಹುಡುಕುವುದಕ್ಕಾಗಿ ಒಂದೇ ಲೆಕ್ಕವನ್ನು ಎಪ್ಪತ್ತು ಬಾರಿಯಾದರೂ ತಿರುತಿರುಗಿ ಮಾಡಿದನು. ಕಟ್ಟಕಡೆಗೆ ವೃತ್ತ ಸಿಕ್ಕಿತು. ಬೇರೆ ವೇಧಗಳೊಡನೆ ಹೋಲಿಸಲಾಗಿ ಒಂದು ಕಡೆ ಎಂಟು ಕಲೆಗಳಷ್ಟು ವ್ಯತ್ಯಾಸ ಕಂಡಿತು. ಒಂದು ಅಂಶಕ್ಕೆ 60 ಕಲೆಗಳು. ಪೂರ್ಣಚಂದ್ರನ ಬಿಂಬದ ಅಗಲವು ಸುಮಾರು 30 ಕಲೆ. ಎಂದರೆ ಆ ಬಿಂಬದ ಕಾಲು ಭಾಗಕ್ಕಿಂತ ಕೊಂಚ ಹೆಚ್ಚು, ಅಷ್ಟೆ. ಹತ್ತು ಕಲೆಗಳವರೆಗಿನ ತಪ್ಪನ್ನು ಟಾಲೆಮಿಯ ಕಾಲದ ವೇಧಗಳಲ್ಲಿ ಯಾರೂ ಎಣಿಸುತ್ತಿರಲಿಲ್ಲ. ಇನ್ನೊಬ್ಬನಾಗಿದ್ದರೆ ಅಷ್ಟಕ್ಕೇ ಗ್ರಂಥವನ್ನು ಮುಗಿಸಿ ಬಿರುದು ಪಡೆಯುತ್ತಿದ್ದನು. ಟೈಕೊ ಎಂಟು ಕಲೆಗಳಷ್ಟು ತಪ್ಪುವವನಲ್ಲವೆಂದು ಕೆಪ್ಲರನಿಗೆ ತಿಳಿದಿತ್ತು. ಮೃತನಾದ ಆ ಮನುಷ್ಯನೊಡನೆ ಆತನಿಗೆ ಎಷ್ಟೇ ಕಲಹವಿದ್ದರೂ ಆತನ ಕೈಯ ಅಳತೆಯಲ್ಲಿ ಅವಿಶ್ವಾಸವಿರಲಿಲ್ಲ. ವರ್ಷಗಳ ಪರಿಶ್ರಮದಿಂದ ಕಟ್ಟಿದ್ದನ್ನು ಕೆಡವಿ ಮೊದಲಿನಿಂದ ತೊಡಗಿದನು.

ಈ ಸಾರಿ ಆತನ ಪ್ರಶ್ನೆಯೇ ಬೇರೆಯಾಯಿತು. ಗ್ರಹವು ಎಲ್ಲಿರುವುದೆಂಬುದರ ಜೊತೆಗೆ ಅದನ್ನು ನಡೆಯಿಸುವುದು ಯಾವುದೆಂದು ಕೇಳಿದನು. ಸೂರ್ಯನಲ್ಲಿ ಒಂದು ಶಕ್ತಿಯಿರಬೇಕು, ಹತ್ತಿರ ಬಂದ ಗ್ರಹವು ಬೇಗನೆಯೂ ದೂರ ಹೋದದ್ದು ನಿಧಾನವಾಗಿಯೂ ಸಾಗಬೇಕು ಎಂದು ಊಹಿಸಿ, ಸೂರ್ಯನಿಂದ ಗ್ರಹಕ್ಕೆ ಎಳೆದ ರೇಖೆಯು ಸಮಾನ ಕಾಲಗಳಲ್ಲಿ ಸಮಾನ ಕ್ಷೇತ್ರಫಲವನ್ನು ಆಕ್ರಮಿಸುವುದೆಂಬ ನಿಯಮವನ್ನು ಕಂಡುಕೊಂಡನು. ಇದು ಇಂದು ಎರಡನೆಯ ಸೂತ್ರವೆನಿಸಿದರೂ ಮೊದಲು ದೊರೆತದ್ದು ಇದೇ. ಮಾರ್ಗದ ಆಕಾರಕ್ಕಾಗಿ ಮೊಟ್ಟೆಯಂಥ ಆಕೃತಿಯನ್ನು ಹಿಡಿದುಕೊಂಡು ಬಹುಕಾಲ ಹೆಣಗಿದನು. ವಿನೋದವೇನೆಂದರೆ, ಆ ಮೊಟ್ಟೆಯ ಲೆಕ್ಕವು ಸುಲಭವಾಗಲೆಂದು ದೀರ್ಘವೃತ್ತವನ್ನು ಬರಿಯ ಸಹಾಯಕ್ಕಾಗಿ ಬಳಸುತ್ತಿದ್ದನು. ಬಾಗಿಲಲ್ಲೇ ನಿಂತಿದ್ದ ಉತ್ತರವನ್ನು ಆಳಿನ ಕೆಲಸಕ್ಕೆ ಹಚ್ಚಿದಂತಾಗಿತ್ತು. 1605ರಲ್ಲಿ ಕಣ್ಣು ತೆರೆಯಿತು. ಎರಡು ಗೂಟಗಳನ್ನು ನೆಟ್ಟು ಅವುಗಳ ಸುತ್ತ ದಾರದ ಸಡಿಲ ಕುಣಿಕೆಯನ್ನು ಹಾಕಿ ಸೀಸದ ಕಡ್ಡಿಯಿಂದ ಬಿಗಿಹಿಡಿದು ಸುತ್ತಲೂ ಎಳೆದರೆ ದೀರ್ಘವೃತ್ತವಾಗುವುದು. ಗೂಟಗಳ ಸ್ಥಾನಗಳೇ ಅದರ ನಾಭಿಗಳು. ಕುಜನು ದೀರ್ಘವೃತ್ತದಲ್ಲಿ ಚಲಿಸುವನು, ಸೂರ್ಯನು ಅದರ ಒಂದು ನಾಭಿಯಲ್ಲಿರುವನು. ಗ್ರೀಕರ ಅಪೊಲೊನಿಯಸನು ಸುಮಾರು 1800 ವರ್ಷಗಳ ಹಿಂದೆ ಯಾವ ಪ್ರಯೋಜನವನ್ನೂ ಎಣಿಸದೆ ಶೋಧಿಸಿಟ್ಟಿದ್ದ ಆಕೃತಿಯು ಹೀಗೆ ಆಕಾಶದಲ್ಲಿ ಸಿಕ್ಕಿತು. ಕುಜನ ಕಕ್ಷೆಯ ಅಗಲವು ಅದರ ಉದ್ದಕ್ಕಿಂತ ಕಡಮೆಯಿರುವುದು ಸಾವಿರಕ್ಕೆ ನಾಲ್ಕೈದು ಪಾಲು ಮಾತ್ರ. ಕಾಗದದ ಮೇಲೆ ಬರೆದರೆ ಕಣ್ಣಿಗೆ ವೃತ್ತವೆಂದೇ ತೋರುವುದು. ಟೈಕೊವಿನ ವಾರಸುದಾರರ ತಕರಾರುಗಳನ್ನು ದಾಟಿ ಆ ಗ್ರಂಥವು 1609ರಲ್ಲಿ ಪ್ರಕಟವಾಯಿತು.

ಪ್ರಾಗಿನಲ್ಲಿ ಕಳೆದ ಹನ್ನೆರಡು ವರ್ಷಗಳಲ್ಲಿ ಆತನು ಬರೆದದ್ದು ಇನ್ನೂ ಬಹಳವುಂಟು. ನೇತ್ರದ ಹಿಂಬದಿಯ ಪಟಲದಲ್ಲಿ ವಸ್ತುವಿನ ಬಿಂಬವು ತಲೆಕೆಳಗಾಗಿ ಬೀಳುವುದೆಂದು 1604ರಲ್ಲಿ ವಿವರಿಸಿದನು. 1611ರಲ್ಲಿ, ಹಿಮದ ಹರಳಿಗೆ ಆರೇ ಮೂಲೆಗಳೇಕೆಂದು ಆಲೋಚಿಸುತ್ತ, ಗುಂಡುಗಳನ್ನು ಅತ್ಯಂತ ಒತ್ತಾಗಿ ಪೇರಿಸುವ ಕ್ರಮವು ಹಣ್ಣಿನ ಅಂಗಡಿಯವನು ಕಿತ್ತಳೆಗಳನ್ನು ಪೇರಿಸುವಂಥದೇ ಎಂಬ ಅರ್ಥದ ಮಾತೊಂದನ್ನು ಬರೆದಿಟ್ಟನು. ನೋಡುವುದಕ್ಕೆ ಮಕ್ಕಳ ಮಾತು. ಅದರ ಸಾಧನೆಯನ್ನು ಅಮೆರಿಕದ ಥಾಮಸ್ ಹೇಲ್ಸನು ಗಣಕಯಂತ್ರದ ನೆರವಿನಿಂದ ಪ್ರಕಟಿಸಿದ್ದು 1998ರಲ್ಲಿ!

ಅದೇ 1611 ಆತನ ಮನೆಗೆ ಘೋರವಾಯಿತು. ಆರು ವರ್ಷದ ಮಗನು ಸಿಡುಬಿನಿಂದ ಸತ್ತನು, ಹೆಂಡತಿಯೂ ತೀರಿಹೋದಳು, ಆಶ್ರಯದಾತನಾದ ರುಡಾಲ್ಫನು ಬೊಹೀಮಿಯದ ಕಿರೀಟವನ್ನು ಕಳೆದುಕೊಂಡನು. ಮರುವರ್ಷ ಕೆಪ್ಲರನು ಲಿಂಟ್ಸ್ ನಗರಕ್ಕೆ ಹೋದನು. ಅಲ್ಲಿ ಸ್ವಮತದವರೇ ಆತನನ್ನು ಪ್ರಸಾದಕ್ಕೆ ಅನರ್ಹನೆಂದು ಹೊರಗಿಟ್ಟರು. ಕಾಲ್ವಿನ್ ಪಂಥದವರನ್ನು ಖಂಡಿಸುವ ಪತ್ರಕ್ಕೆ ಮನಸ್ಸಿಗೆ ವಿರುದ್ಧವಾಗಿ ರುಜು ಹಾಕಲು ಒಪ್ಪಲಿಲ್ಲವೆಂಬುದೇ ಅಪರಾಧ. ಕ್ಯಾಥೊಲಿಕರಿಗೆ ಪ್ರಾಟೆಸ್ಟೆಂಟನಾಗಿ, ಪ್ರಾಟೆಸ್ಟೆಂಟರಿಗೆ ಪಾಷಂಡಿಯಾಗಿ ಆತನು ಉಳಿದ ಆಯುಸ್ಸನ್ನು ಕಳೆಯಬೇಕಾಯಿತು. 1613ರಲ್ಲಿ ಎರಡನೆಯ ಮದುವೆಯಾದಾಗ ಮನೆಗೆ ತರಿಸಿದ ದ್ರಾಕ್ಷಾರಸದ ಪೀಪಾಯಿಗಳನ್ನು ವ್ಯಾಪಾರಿಯು ಒಂದೇ ಕೋಲು ತೂರಿಸಿ ಅಳೆದದ್ದನ್ನು ಕಂಡು, ಈ ಅಳತೆ ಸರಿಯೇ ಎಂದು ವಿಚಾರಿಸುತ್ತ ಹೊಸ ರೇಖಾಗಣಿತ ಗ್ರಂಥವನ್ನೇ ಬರೆದನು. ಮುಂದೆ ಬೆಳೆದ ಸಮಾಕಲನ ಗಣಿತಕ್ಕೆ ಅದೊಂದು ಮೆಟ್ಟಿಲಾಯಿತು.

1615ರಲ್ಲಿ ಬಂದ ವಿಪತ್ತು ಇವೆಲ್ಲಕ್ಕೂ ಮಿಗಿಲಾದದ್ದು. ಲಿಯೊನ್‌ಬರ್ಗಿನಲ್ಲಿದ್ದ ವೃದ್ಧ ತಾಯಿಯ ಮೇಲೆ ನೆರೆಯ ಹೆಂಗಸೊಬ್ಬಳು, ಆಕೆ ಕೊಟ್ಟ ಪಾನದಿಂದ ತನಗೆ ರೋಗ ಬಂದಿತೆಂದು ದೂರಿ ಮಾಟಗಾತಿಯೆಂಬ ಆರೋಪ ಹೊರಿಸಿದಳು. ಆ ಕಾಲದಲ್ಲಿ ಆ ಊರಿನಲ್ಲೇ ಹಲವರು ಸ್ತ್ರೀಯರು ಇದೇ ಆರೋಪದಿಂದ ಕೊಲ್ಲಲ್ಪಟ್ಟಿದ್ದರು. ವ್ಯವಹಾರವು ವರ್ಷಗಟ್ಟಲೆ ಎಳೆದು, 1620ರ ಆಗಸ್ಟಿನಲ್ಲಿ ಎಪ್ಪತ್ತು ದಾಟಿದ ಮುದುಕಿಯನ್ನು ಹಿಡಿದು ಸರಪಣಿಯಲ್ಲಿಟ್ಟರು. ಚಕ್ರವರ್ತಿಯ ಗಣಿತಜ್ಞನು ಹೆಂಡಿರು ಮಕ್ಕಳನ್ನು ಬಿಟ್ಟು, ತನ್ನ ಗ್ರಂಥಗಳನ್ನು ಬದಿಗಿಟ್ಟು, ತಾಯಿಯ ಪಕ್ಷದಲ್ಲಿ ನಿಂತನು. ದುರ್ದೈವದಿಂದ ಆರೋಪಿಯು ಗಣಿತಜ್ಞನಾದ ಮಗನ ನೆರವಿನೊಡನೆ ಹಾಜರಾಗಿರುವಳೆಂದು ಕಚೇರಿಯ ಗುಮಾಸ್ತನು ದಾಖಲೆಯಲ್ಲಿ ಬರೆದುಕೊಂಡನಂತೆ!

ಕಾನೂನು ಬಲ್ಲ ನಮ್ಮ ವಾಚಕರು ಆತನ ವಾದದ ರೀತಿಯನ್ನು ಗಮನಿಸಬೇಕು. ಮಾಟವೆಂಬುದೇ ಇಲ್ಲವೆಂದು ಆತನು ವಾದಿಸಲಿಲ್ಲ. ಆ ಕಾಲದಲ್ಲಿ ಹಾಗೆನ್ನುವುದು ತಾಯಿಯನ್ನು ತಾನೇ ಚಿತೆಗೆ ಒಪ್ಪಿಸಿದಂತೆ. ಕುಜನ ವೇಧಗಳನ್ನು ಪರೀಕ್ಷಿಸಿದಂತೆ ಒಂದೊಂದು ಸಾಕ್ಷ್ಯವನ್ನೂ ಹಿಡಿದು ಪರೀಕ್ಷಿಸಿದನು. ಉಪಾಧ್ಯಾಯನೊಬ್ಬನ ಕುಂಟುತನಕ್ಕೆ ಹಳ್ಳ ಹಾರಿ ಬಿದ್ದದ್ದು ಕಾರಣ, ಹುಡುಗಿಯೊಬ್ಬಳ ತೋಳುನೋವಿಗೆ ಇಟ್ಟಿಗೆ ಹೊತ್ತದ್ದು ಕಾರಣ ಎಂದು ಪ್ರತಿಯೊಂದಕ್ಕೂ ಸಹಜವಾದ ಕಾರಣವನ್ನು ತೋರಿಸಿ ದೀರ್ಘವಾದ ಲಿಖಿತ ಪ್ರತಿವಾದವನ್ನು ಸಲ್ಲಿಸಿದನು. ಟ್ಯುಬಿಂಗೆನ್ ನ್ಯಾಯಪಂಡಿತರು ಕಟ್ಟಕಡೆಗೆ, ಮುದುಕಿಗೆ ಚಿತ್ರಹಿಂಸೆಯ ಉಪಕರಣಗಳನ್ನು ತೋರಿಸಿ ಬೆದರಿಸಬೇಕು, ಹಿಂಸಿಸಕೂಡದು ಎಂದು ತೀರ್ಪಿತ್ತರು. 1621ರ ಸೆಪ್ಟೆಂಬರಿನಲ್ಲಿ ಹಿಂಸೆಯ ಆಳು ಒಂದೊಂದು ಉಪಕರಣವನ್ನೂ ತೋರಿಸಿದನು. ಆಕೆ ಜಗ್ಗಲಿಲ್ಲ. ಹದಿನಾಲ್ಕು ತಿಂಗಳ ಸೆರೆಯ ಬಳಿಕ ಬಿಡುಗಡೆ ಹೊಂದಿ, ಮರುವರ್ಷದ ಏಪ್ರಿಲಿನಲ್ಲಿ ತೀರಿಕೊಂಡಳು. ಮಗನ ಪಾಲಿಗೆ ಇದರಲ್ಲಿ ಒಂದು ಮುಳ್ಳು ಉಳಿಯಿತು. ಚಂದ್ರಲೋಕದ ಯಾತ್ರೆಯನ್ನು ಕುರಿತು ಆತನು ಹಿಂದೆ ಬರೆದಿದ್ದ ಕಲ್ಪಿತ ಕಥೆಯಲ್ಲಿ ಮೂಲಿಕೆ ಮಾರುವ, ಭೂತಗಳನ್ನು ಕರೆಯಬಲ್ಲ ತಾಯಿಯೊಬ್ಬಳು ಬರುತ್ತಾಳೆ. ಆ ಹಸ್ತಪ್ರತಿ ಕೈಯಿಂದ ಕೈಗೆ ಹೋಗಿ ಈ ಅಪವಾದಕ್ಕೆ ಕಾರಣವಾಯಿತೆಂದು ಆತನೇ ಶಂಕಿಸಿದನು.

ಈ ಕೋಲಾಹಲದ ನಡುವೆಯೇ ಮೂರನೆಯ ಸೂತ್ರವು ಹುಟ್ಟಿತೆಂಬುದು ಆಶ್ಚರ್ಯ. 1618ರ ಫೆಬ್ರವರಿಯಲ್ಲಿ ಪುಟ್ಟ ಮಗಳು ಸತ್ತಳು. ಮೇ 15ರಂದು ಸೂತ್ರವು ಸಿದ್ಧಿಸಿತು. ಎಂಟು ದಿನಗಳ ತರುವಾಯ ಪ್ರಾಗಿನಲ್ಲಿ ಮೂವತ್ತು ವರ್ಷಗಳ ಯುದ್ಧವು ಹೊತ್ತಿಕೊಂಡಿತು. ಗ್ರಹವು ಸೂರ್ಯನನ್ನು ಸುತ್ತುವ ಕಾಲದ ವರ್ಗವು ದೂರದ ಘನಕ್ಕೆ ಅನುಪಾತವಾಗಿರುವುದೆಂಬುದು ಆ ಸೂತ್ರ. ಭೂಮಿಯ ದೂರವನ್ನು 1 ಎಂದು ಹಿಡಿದರೆ ಗುರುವಿನ ದೂರ 5.2, ಅದರ ಘನ ಸುಮಾರು 140.6. ಗುರುವಿನ ಸುತ್ತಿನ ಕಾಲ 11.86 ವರ್ಷ, ಅದರ ವರ್ಗ ಸುಮಾರು 140.7. ವಾಚಕರು ಕಾಗದ ತೆಗೆದುಕೊಂಡು ಶನಿಗೂ ಇದನ್ನು ಮಾಡಿ ನೋಡಬಹುದು. 1687ರಲ್ಲಿ ನ್ಯೂಟನನು ಗುರುತ್ವಾಕರ್ಷಣದ ನಿಯಮವನ್ನು ಸ್ಥಾಪಿಸುವಾಗ ಈ ಸೂತ್ರಗಳು ಆತನ ಕೈಯಲ್ಲಿದ್ದುವು.

ಟೈಕೊವಿಗೆ ಮಾತು ಕೊಟ್ಟಿದ್ದ ಗ್ರಹಸಾರಣಿಯೊಂದು ಬಾಕಿಯಿತ್ತು. ಸ್ಕಾಟ್ಲೆಂಡಿನ ನೇಪಿಯರನು 1614ರಲ್ಲಿ ಪ್ರಕಟಿಸಿದ ಲಾಗರಿತಮ್ ಗಣಿತವನ್ನು ಬಳಸಿಕೊಂಡು ಅದನ್ನು ಸಿದ್ಧಪಡಿಸಿದನು. 1626ರಲ್ಲಿ ದಂಗೆಯೆದ್ದ ರೈತರು ಲಿಂಟ್ಸನ್ನು ಮುತ್ತಿದಾಗ ಅಚ್ಚುಕೂಟವು ಸುಟ್ಟುಹೋಯಿತು. ಹಸ್ತಪ್ರತಿಯನ್ನು ಹೊತ್ತುಕೊಂಡು ಉಲ್ಮ್ ನಗರಕ್ಕೆ ಹೋಗಿ 1627ರಲ್ಲಿ ಅಚ್ಚು ಹಾಕಿಸಿದನು. ಅದಕ್ಕೆ ಸತ್ತುಹೋಗಿದ್ದ ಚಕ್ರವರ್ತಿ ರುಡಾಲ್ಫನ ಹೆಸರನ್ನಿಟ್ಟನು. ಚಕ್ರವರ್ತಿಗಳ ಬೊಕ್ಕಸದಿಂದ ಆತನಿಗೆ ಬರಬೇಕಾಗಿದ್ದ ಸಂಬಳದ ಬಾಕಿ ಸುಮಾರು 12,000 ಗುಲ್ಡನ್. ಅದನ್ನು ಕೇಳುವುದಕ್ಕಾಗಿ 1630ರ ಚಳಿಯಲ್ಲಿ ಕುದುರೆಯೇರಿ ರೇಗೆನ್ಸ್‌ಬರ್ಗಿಗೆ ಬಂದವನು ಜ್ವರ ಹಿಡಿದು ನವೆಂಬರ್ 15ರಂದು, 58ನೆಯ ವಯಸ್ಸಿನಲ್ಲಿ, ಪ್ರಾಣಬಿಟ್ಟನು. ಬಾಕಿ ಸಲ್ಲಲಿಲ್ಲ. ಊರ ಹೊರಗೆ ಮಣ್ಣು ಮಾಡಿದ ಸ್ಥಳವೂ ಯುದ್ಧದಲ್ಲಿ ಹಾಳಾಗಿ ಗುರುತು ಸಿಕ್ಕದಂತಾಯಿತು.

1631ರ ನವೆಂಬರ್ 7ರಂದು ಬುಧನು ಸೂರ್ಯಬಿಂಬವನ್ನು ಅಡ್ಡಹಾಯುವನೆಂದು ಕೆಪ್ಲರನು ತನ್ನ ಸಾರಣಿಯಿಂದ ಲೆಕ್ಕ ಹಾಕಿ ಮುಂದಾಗಿಯೇ ಪ್ರಕಟಿಸಿದ್ದನು. ಅದುವರೆಗೆ ಅಂಥದನ್ನು ಲೆಕ್ಕದಿಂದ ತಿಳಿದು ನೋಡಿದವರಿರಲಿಲ್ಲ. ಆ ದಿನ ಪ್ಯಾರಿಸಿನಲ್ಲಿ ಗಸೆಂಡಿ ಎಂಬ ಪಂಡಿತನು ಕತ್ತಲು ಮಾಡಿದ ಕೋಣೆಯಲ್ಲಿ ದೂರದರ್ಶಕದಿಂದ ಸೂರ್ಯನ ಬಿಂಬವನ್ನು ಬಿಳಿಯ ಕಾಗದದ ಮೇಲೆ ಬೀಳಿಸಿ ಕಾದಿದ್ದನು. ಮೋಡಗಳು ಸರಿದಾಗ ಬಿಂಬದ ಮೇಲೆ ಸಣ್ಣದೊಂದು ಕಪ್ಪು ಚುಕ್ಕೆ ಕಂಡಿತು. ಸೂರ್ಯನ ಕಲಂಕವಿರಬಹುದೆಂದು ಆತನು ಮೊದಲು ಭಾವಿಸಿದನು, ಅದು ಚಲಿಸುತ್ತಿತ್ತು.