ಎಡ್ವರ್ಡ್ ಲಿಯರನ ದಿನಚರಿ

ಸಿಂದಗಿ, ಇಂಡಿ, ಮುದ್ದೇಬಿಹಾಳಗಳ ಕಡೆಯ ಹಳ್ಳಿಗಳಲ್ಲಿ ಯಾರಾದರೂ ಮೂರ್ಛೆ ಬಂದು ನೆಲಕ್ಕುರುಳಿದರೆ ಕ್ಷಣಮಾತ್ರದಲ್ಲಿ ಸುತ್ತ ಜನ ನೆರೆಯುತ್ತದೆ. ಒಬ್ಬರು ಕಬ್ಬಿಣದ ಕೀಲಿಕೈಯನ್ನು ಬಿದ್ದವನ ಅಂಗೈಯಲ್ಲಿರಿಸಿ ಮುಷ್ಟಿ ಬಿಗಿಸುತ್ತಾರೆ. ಇನ್ನೊಬ್ಬರು ಉಳ್ಳಾಗಡ್ಡಿಯನ್ನು ಒಡೆದು ಮೂಗಿನ ಬಳಿ ಹಿಡಿಯುತ್ತಾರೆ. ಕಬ್ಬಿಣದಿಂದಾಗಲಿ ಉಳ್ಳಾಗಡ್ಡಿಯಿಂದಾಗಲಿ ಮೂರ್ಛೆ ನಿಲ್ಲುವುದಿಲ್ಲ. ಬಹುಮಟ್ಟಿಗೆ ಎರಡು ಮೂರು ನಿಮಿಷಗಳಲ್ಲಿ ಅದು ತಾನಾಗಿಯೇ ಶಮನಗೊಳ್ಳುತ್ತದೆ. ರೋಗಿಯನ್ನು ಒಂದು ಮಗ್ಗುಲಿಗೆ ಹೊರಳಿಸಿ, ಉಸಿರಾಟಕ್ಕೆ ತಡೆಯಾಗದಂತೆ ನೋಡಿಕೊಂಡರೆ ಸಾಕು. ಸ್ವಲ್ಪ ಹೊತ್ತಿನಲ್ಲಿ ಅವನು ಎದ್ದು ಅಂಗಿಯ ಧೂಳು ಕೊಡವಿಕೊಳ್ಳುತ್ತಾನೆ. ಜನ ಚದುರುತ್ತದೆ. ಅನಂತರ ಅವನ ಮನಸ್ಸಿನಲ್ಲಿ ಏನು ನಡೆಯುತ್ತದೆಂದು ಕೇಳುವವರು ವಿರಳ. ಹಾಗೆ ಯಾರೂ ಕೇಳದ ಆ ಕಥೆಯನ್ನು ಮೂವತ್ತು ವರ್ಷಗಳ ಕಾಲ ತನ್ನ ದಿನಚರಿಯಲ್ಲಿ ಬರೆದಿಟ್ಟ ಒಬ್ಬ ಮನುಷ್ಯನಿದ್ದ. ಅವನು ಇಂಗ್ಲೆಂಡಿನವನು, ಅಸಂಖ್ಯ ಮಕ್ಕಳನ್ನು ನಗಿಸಿದವನು, ಒಮ್ಮೆ ನಮ್ಮ ಬೆಂಗಳೂರಿಗೂ ಬಂದು ಹೋದವನು. ಅವನೇ ಎಡ್ವರ್ಡ್ ಲಿಯರ್.

ಲಿಯರ್ 1812ರ ಮೇ 12ರಂದು ಲಂಡನ್ನಿನ ಬಳಿಯ ಹಾಲೊವೆ ಎಂಬಲ್ಲಿ ಹುಟ್ಟಿದನು. ತಂದೆತಾಯಿಗಳಿಗೆ ಇಪ್ಪತ್ತೊಂದು ಮಕ್ಕಳೆಂದೂ ಅವರಲ್ಲಿ ಇವನು ಇಪ್ಪತ್ತನೆಯವನೆಂದೂ ಹೇಳುತ್ತಾರೆ. ಅವನು ಇನ್ನೂ ಚಿಕ್ಕವನಿದ್ದಾಗಲೇ ತಂದೆಯ ವ್ಯಾಪಾರ ಕುಸಿದು ಸಂಸಾರ ಚೆಲ್ಲಾಪಿಲ್ಲಿಯಾಯಿತು. ಮಗುವನ್ನು ಸಾಕುವ ಹೊಣೆ ಅವನಿಗಿಂತ ಇಪ್ಪತ್ತೊಂದು ವರ್ಷ ಹಿರಿಯಳಾದ ಅಕ್ಕ ಆನ್‌ಳ ಮೇಲೆ ಬಿತ್ತು. ತಾಯಿ ಕೊಡದಿದ್ದ ಮಮತೆಯನ್ನು ಆ ಅಕ್ಕ ಕೊಟ್ಟಳು. ಐದಾರು ವರ್ಷದವನಿದ್ದಾಗ ಅವನಿಗೆ ಮೊದಲ ಮೂರ್ಛೆ ಬಂದಿತು. ಉಬ್ಬಸವಿತ್ತು, ಕಣ್ಣಿನ ದೃಷ್ಟಿ ಮಂದವಾಗಿತ್ತು. ಆದರೆ ಬದುಕಿನುದ್ದಕ್ಕೂ ನೆರಳಿನಂತೆ ಹಿಂಬಾಲಿಸಿದ್ದು ಮೂರ್ಛೆಯೇ.

ಮೂರ್ಛೆಯ ಜೊತೆಗೇ ಇನ್ನೊಂದು ನೆರಳೂ ಬಂದಿತು. ಏಳು ವರ್ಷದವನಿದ್ದಾಗ ತಂದೆ ಅವನನ್ನು ಹತ್ತಿರದ ಒಂದು ಬಯಲಿಗೆ ಕರೆದೊಯ್ದಿದ್ದನು. ಅಲ್ಲಿ ಕಸರತ್ತಿನವರ ಆಟ, ವಿದೂಷಕರ ಕುಣಿತ, ವಾದ್ಯಗಳ ಮೇಳ. ಸಂಜೆಯ ಬೆಳಕಿನಲ್ಲಿ ಹುಡುಗ ಮೈಮರೆತು ಆನಂದಿಸಿದನು. ಆಟ ಮುಗಿಯಿತು, ದೀಪಗಳು ಆರಿದವು, ಜನ ಮನೆಗೆ ಹೊರಟರು. ಆ ರಾತ್ರಿ ಅರ್ಧದವರೆಗೂ ಅವನು ಅಳುತ್ತಲೇ ಇದ್ದನು. ಜಾತ್ರೆ ಮುಗಿದ ಮರುದಿನ ಯಾವ ಮಗುವಿಗೆ ಬೇಸರವಾಗುವುದಿಲ್ಲ! ಆದರೆ ಇದು ಅಂಥ ಬೇಸರವಾಗಿರಲಿಲ್ಲ. ತನ್ನ ಜೀವನದ ಮೊದಲ ಖಿನ್ನತೆ ಅದೇ ಎಂದು ಲಿಯರ್ ಮುಪ್ಪಿನಲ್ಲಿಯೂ ನೆನೆಯುತ್ತಿದ್ದನು. ಮೂರ್ಛೆಗೆ ಅವನು ರಾಕ್ಷಸನೆಂದು ಹೆಸರಿಟ್ಟಿದ್ದನು. ಕಾರಣವಿಲ್ಲದೆ ಕವಿಯುವ ಆ ವಿಷಾದಕ್ಕೆ ಮತ್ತೊಂದು ಹೆಸರಿತ್ತು. ಎರಡೂ ಬಾಲ್ಯದಲ್ಲಿ ಬಂದವು. ಎರಡೂ ಕೊನೆಯವರೆಗೆ ಅವನನ್ನು ಬಿಡಲಿಲ್ಲ.

ಹದಿನೈದು ಹದಿನಾರರ ವಯಸ್ಸಿಗೆ ಅವನು ಚಿತ್ರ ಬರೆದು ಹೊಟ್ಟೆ ಹೊರೆಯತೊಡಗಿದನು. ಲಂಡನ್ನಿನ ಪ್ರಾಣಿಸಂಗ್ರಹಾಲಯದಲ್ಲಿ ಕುಳಿತು ಗಿಳಿಗಳ ಚಿತ್ರಗಳನ್ನು ಬರೆದನು. ಸತ್ತ ಹಕ್ಕಿಗಳಿಗೆ ಹೊಟ್ಟು ತುಂಬಿ ಅವನ್ನು ನೋಡಿ ಬರೆಯುವ ವಾಡಿಕೆಯಿದ್ದ ಕಾಲದಲ್ಲಿ ಲಿಯರ್ ಜೀವಂತ ಗಿಳಿಗಳನ್ನೇ ನೋಡಿ ಬರೆದನು. 1832ರಲ್ಲಿ, ಇಪ್ಪತ್ತು ತುಂಬುವುದರೊಳಗೆ, ನಲವತ್ತೆರಡು ಚಿತ್ರಗಳ ಆ ಗ್ರಂಥ ಪೂರ್ಣಗೊಂಡಿತು. ಅದನ್ನು ಕಂಡ ಡರ್ಬಿಯ ಶ್ರೀಮಂತ ಮನೆತನದವರು ತಮ್ಮ ಖಾಸಗಿ ಮೃಗಾಲಯದ ಚಿತ್ರಗಳನ್ನು ಬರೆಯಲು ಅವನನ್ನು ಕರೆಸಿಕೊಂಡರು. ಆ ಮನೆಯ ಮಕ್ಕಳಿಗಾಗಿ ಅವನು ಅಸಂಬದ್ಧ ಪದ್ಯಗಳನ್ನು ಕಟ್ಟಿದನು. ಅವು 1846ರಲ್ಲಿ ಪುಸ್ತಕವಾಗಿ ಹೊರಬಂದವು. ಅದೇ ವರ್ಷ ವಿಕ್ಟೋರಿಯಾ ರಾಣಿಗೆ ಚಿತ್ರಕಲೆಯ ಪಾಠ ಹೇಳುವ ಕರೆಯೂ ಬಂದಿತು.

ಹೊರಗೆ ಇಷ್ಟೊಂದು ಮನ್ನಣೆ. ಒಳಗೆ ಮಾತ್ರ ಒಂದು ಗುಟ್ಟು. ಮೂರ್ಛೆ ಬರುವ ಮುನ್ನ ಲಿಯರನಿಗೆ ಅದರ ಸೂಚನೆ ದೊರೆಯುತ್ತಿತ್ತು. ಕೂಡಲೇ ಅವನು ಏನಾದರೂ ನೆಪ ಹೇಳಿ ತನ್ನ ಕೋಣೆ ಸೇರಿ ಬಾಗಿಲು ಹಾಕಿಕೊಳ್ಳುತ್ತಿದ್ದನು. ಭೋಜನಕೂಟಗಳಲ್ಲಿ ಹಾಡಿ ನಗಿಸುತ್ತಿದ್ದ ಈ ಅತಿಥಿ ನಡುವೆ ಏಕೆ ಎದ್ದು ಹೋಗುತ್ತಾನೆಂದು ಯಾರಿಗೂ ತಿಳಿಯದು. ರೋಗಿಯ ದುರಭ್ಯಾಸ, ಮನೋನಿಗ್ರಹದ ಕೊರತೆಗಳೇ ಈ ರೋಗಕ್ಕೆ ಕಾರಣವೆಂದು ಆ ಕಾಲದ ಹಲವು ವೈದ್ಯರು ಬರೆಯುತ್ತಿದ್ದರು. ಲಿಯರನೂ ಅದನ್ನು ನಂಬಿದನು. ಮೂರ್ಛೆ ಬಂದಾಗಲೆಲ್ಲ ತಾನು ತಪ್ಪು ಮಾಡಿದೆನೆಂಬ ಪಶ್ಚಾತ್ತಾಪ ಅವನನ್ನು ಸುಡುತ್ತಿತ್ತು. ಮಾಡದ ಅಪರಾಧಕ್ಕೆ ತಾನೇ ನ್ಯಾಯಾಧೀಶನಾಗಿ ತನಗೆ ಶಿಕ್ಷೆ ವಿಧಿಸಿಕೊಳ್ಳುವ ಈ ಸ್ಥಿತಿ ರೋಗಕ್ಕಿಂತ ಕ್ರೂರವಾದುದೆಂದು ನನಗೆ ತೋರುತ್ತದೆ. ಮದುವೆಯಾಗುವ ಆಸೆ ಅವನಿಗಿತ್ತು, ಕೇಳುವ ಧೈರ್ಯವಾಗಲಿಲ್ಲ. 1861ರಲ್ಲಿ ಅಕ್ಕ ತೀರಿಕೊಂಡ ಮೇಲೆ ಅವನು ನಿಜವಾಗಿ ಒಂಟಿಯಾದನು.

1858ರಿಂದ 1887ರವರೆಗೆ ಅವನು ಬರೆದ ದಿನಚರಿಗಳು ಉಳಿದಿವೆ. ಮೂರ್ಛೆ ಬಂದ ದಿನ ಅವುಗಳಲ್ಲಿ ಗುಣಾಕಾರ ಚಿಹ್ನೆಯಂಥ ಒಂದು ಪುಟ್ಟ ಗುರುತು ಕಾಣುತ್ತದೆ. ಅದರ ಪಕ್ಕದಲ್ಲಿ ಅದು ಎಷ್ಟು ತೀವ್ರವಾಗಿತ್ತೆಂಬುದಕ್ಕೆ ಒಂದು ಅಂಕಿ. ಕೆಲವು ತಿಂಗಳುಗಳಲ್ಲಿ ಅಂಥ ಗುರುತುಗಳು ಮತ್ತೆ ಮತ್ತೆ ಬರುತ್ತವೆ. ಅವುಗಳ ಆಸುಪಾಸಿನಲ್ಲಿ ಮಂಕುತನದ, ಹತಾಶೆಯ ಮಾತುಗಳಿವೆ. ಇಷ್ಟಾದರೂ ತನಗೆ ಬುದ್ಧಿಭ್ರಮಣೆಯಾಗದಿದ್ದುದು ದೊಡ್ಡ ಆಶ್ಚರ್ಯವೆಂದು ಅವನು ಭಾವಿಸಿದ್ದನು. ದುಡಿಮೆ, ದೂರದ ನಡಿಗೆ, ಪ್ರವಾಸ ಇವು ತನ್ನ ಎರಡು ಶತ್ರುಗಳನ್ನೂ ಸ್ವಲ್ಪ ಹಿಂದಕ್ಕೆ ತಳ್ಳುತ್ತವೆಂಬುದನ್ನು ಅನುಭವದಿಂದ ಕಂಡುಕೊಂಡಿದ್ದನು. ಇಟಲಿ, ಗ್ರೀಸ್, ಅಲ್ಬೇನಿಯಾ, ಪ್ಯಾಲೆಸ್ಟೈನ್‌ಗಳಲ್ಲಿ ಅವನು ಅಲೆದುದು ಕೇವಲ ಚಿತ್ರಗಳಿಗಾಗಿ ಅಲ್ಲ.

ಮೂರ್ಛೆಗೂ ಮನಸ್ಸಿನ ಕುಗ್ಗುವಿಕೆಗೂ ನಂಟಿದೆಯೆಂಬುದು ಹಳೆಯ ತಿಳಿವಳಿಕೆ. ನಮ್ಮ ಪ್ರಾಚೀನರು ಈ ರೋಗವನ್ನು ಅಪಸ್ಮಾರ, ಅಂದರೆ ಸ್ಮೃತಿ ತೊಲಗುವಿಕೆ, ಎಂದು ಕರೆದರು. ಚರಕಸಂಹಿತೆಯು ಭಯ, ಶೋಕ, ಚಿಂತೆ, ಉದ್ವೇಗಗಳನ್ನೂ ಅದರ ಕಾರಣಗಳಲ್ಲಿ ಎಣಿಸಿತು. ವಿಷಾದಗ್ರಸ್ತರು ಮೂರ್ಛೆಗೂ ಮೂರ್ಛೆರೋಗಿಗಳು ವಿಷಾದಕ್ಕೂ ಒಳಗಾಗುವುದುಂಟೆಂದು ಗ್ರೀಸಿನ ಹಿಪ್ಪೊಕ್ರೇಟಿಸನ ಹೆಸರಿನ ಗ್ರಂಥಗಳು ತಿಳಿಸಿದವು. ಇಂದಿನ ವೈದ್ಯರ ನಿಲುವೂ ಇದೇ. ಮೂರ್ಛೆರೋಗಿಗಳಲ್ಲಿ ಸುಮಾರು ನಾಲ್ವರಲ್ಲಿ ಒಬ್ಬರನ್ನು ಖಿನ್ನತೆ ಕಾಡುತ್ತದೆ. ಖಿನ್ನತೆಯುಳ್ಳವರಿಗೆ ಮುಂದೆ ಮೂರ್ಛೆ ಬರುವ ಸಂಭವವೂ ಉಳಿದವರಿಗಿಂತ ಹೆಚ್ಚು. ಇದಕ್ಕೆ ಮುಂದಿನ ಮೂರ್ಛೆ ಎಂದು, ಎಲ್ಲಿ ಎಂಬ ಭಯವೂ, ಜನರೆದುರು ಬಿದ್ದ ನಾಚಿಕೆಯೂ ಕಾರಣ. ಆದರೆ ಅಷ್ಟೇ ಅಲ್ಲ. ಭಾವನೆಗಳನ್ನು ನಿಯಂತ್ರಿಸುವ ಮಿದುಳಿನ ಭಾಗಗಳೂ ಅನೇಕ ಬಗೆಯ ಮೂರ್ಛೆಗಳು ಹುಟ್ಟುವ ಭಾಗಗಳೂ ಒಂದಕ್ಕೊಂದು ಹೆಣೆದುಕೊಂಡಿವೆ. ಲಿಯರನ ದುಃಖ ಅವನ ದೌರ್ಬಲ್ಯವಾಗಿರಲಿಲ್ಲ.

ಭಾರತದ ವೈಸರಾಯ್ ಆಗಿದ್ದ ನಾರ್ತ್‌ಬ್ರೂಕ್ ಅವನ ಹಳೆಯ ಗೆಳೆಯ. ಅವನ ಆಹ್ವಾನದಂತೆ ಲಿಯರ್ 1872ರಲ್ಲಿ ಹೊರಟು ಸುಯೆಜ್‌ವರೆಗೆ ಬಂದು ಹಿಂದಿರುಗಿದನು. ಮರುವರ್ಷ ಮತ್ತೆ ಮನಸ್ಸು ಗಟ್ಟಿಮಾಡಿ ಹೊರಟು 1873ರ ನವೆಂಬರಿನಲ್ಲಿ ಮುಂಬಯಿಯಲ್ಲಿಳಿದನು. ಆಗ ಅವನಿಗೆ ಅರವತ್ತೊಂದು ವರ್ಷ. ಮೂರ್ಛೆಯೆಂದರೆ ಮಿದುಳಿನ ಕಣಗಳಲ್ಲಿ ಹಠಾತ್ತನೆ ಅತಿಯಾಗಿ ಶಕ್ತಿ ಹೊರಹೊಮ್ಮುವುದೆಂದು ಹ್ಯೂಲಿಂಗ್ಸ್ ಜ್ಯಾಕ್ಸನ್ ಎಂಬ ಆಂಗ್ಲ ವೈದ್ಯನು ನಿರೂಪಿಸಿದ್ದೂ ಅದೇ 1873ರಲ್ಲಿ! ಆದರೆ ರೋಗಿಯನ್ನು ದೂಷಿಸುವ ನಂಬಿಕೆ ಅಷ್ಟು ಬೇಗ ಅಳಿಯಲಿಲ್ಲ.

ಕಾಶಿ, ಕಲಕತ್ತೆ, ಡಾರ್ಜಿಲಿಂಗ್, ದಿಲ್ಲಿ, ಸಿಮ್ಲಾ, ಪುಣೆ, ಹೈದರಾಬಾದ್ ಹೀಗೆ ಸಾಗಿತು ಅವನ ಪ್ರಯಾಣ. ಧೋಬಿ, ಪಂಖಾ, ಆಯಾ, ಚಪರಾಸಿ ಎಂಬ ಇಲ್ಲಿನ ಪದಗಳು ಅವನ ಕಿವಿಗೆ ವಿಚಿತ್ರವಾಗಿ ಕೇಳಿಸಿದವು. ಧೋಬಿಯನ್ನು ಕೂರುವ ಪೀಠದಂತೆಯೂ, ನಡುಪಟ್ಟಿಯನ್ನು ಭಯಂಕರ ಮೃಗವಾಗಿಯೂ ಮಾಡಿ ಅವನು ಒಂದು ಪದ್ಯ ಹೆಣೆದನು. ಅದು 1874ರ ಜುಲೈನಲ್ಲಿ ಮುಂಬಯಿಯ ಪತ್ರಿಕೆಯಲ್ಲಿ ಅಚ್ಚಾಯಿತು. ಅದೇ ವರ್ಷ ಅವನು ಬೆಂಗಳೂರಿಗೂ ಬಂದನು. ಗುಟ್ಟು ಅವನೊಡನೆಯೇ ಬಂದಿತ್ತು. ಊರೂರಿನ ಬಂಗಲೆಗಳಲ್ಲಿ ಆತಿಥ್ಯವಿತ್ತು, ಮಾತಿಗೆ ಜನರಿದ್ದರು. ಈ ಒಂದು ವಿಷಯವನ್ನು ಹೇಳಿಕೊಳ್ಳುವ ಸ್ಥಳ ಮಾತ್ರ ಇರಲಿಲ್ಲ. ಸರಿಯಾಗಿ ನೂರು ವರ್ಷಗಳ ಬಳಿಕ, 1974ರಲ್ಲಿ, ಅದೇ ಬೆಂಗಳೂರಿನಲ್ಲಿ ಮಾನಸಿಕ ಆಸ್ಪತ್ರೆಯೂ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆಯೂ ಒಂದಾಗಿ ನಿಮ್ಹಾನ್ಸ್ ರೂಪುಗೊಂಡಿತು. ನರರೋಗದ ವೈದ್ಯರೂ ಮನೋರೋಗದ ವೈದ್ಯರೂ ಅಲ್ಲಿ ಒಂದೇ ಆವರಣದಲ್ಲಿ ಕೆಲಸಮಾಡುತ್ತಾರೆ. ಲಿಯರನಂಥವರಿಗೆ ಬೇಕಾಗಿದ್ದುದು ಅಂಥ ಆವರಣವೇ.

ದಕ್ಷಿಣವನ್ನು ಸುತ್ತಿ ಸಿಂಹಳ ತಲುಪಿದಾಗ ಅವನ ನಂಬಿಕೆಯ ಸೇವಕ ಜಾರ್ಜಿಯೊ ಕಾಯಿಲೆ ಬಿದ್ದನು. 1875ರ ಆರಂಭದಲ್ಲಿ ಅವರು ಯೂರೋಪಿಗೆ ಹಿಂದಿರುಗಿದರು. ಇಟಲಿಯ ಸ್ಯಾನ್ ರೆಮೊದಲ್ಲಿ ಲಿಯರನ ಕೊನೆಯ ವರ್ಷಗಳು ಕಳೆದವು. 1883ರಲ್ಲಿ ಜಾರ್ಜಿಯೊ ತೀರಿಕೊಂಡನು. 1887ರಲ್ಲಿ ಮುದ್ದಿನ ಬೆಕ್ಕು ಫಾಸ್ ಸತ್ತಿತು. ಅದನ್ನು ತೋಟದಲ್ಲೇ ಹೂಳಿಸಿದನು. 1888ರ ಜನವರಿ 29ರಂದು ಲಿಯರನೂ ಕಣ್ಣು ಮುಚ್ಚಿದನು. ದೂರದ ಹಳೆಯ ಗೆಳೆಯರಾರೂ ಅಂತ್ಯಕ್ರಿಯೆಗೆ ಬರಲಾಗಲಿಲ್ಲ.

ಅವರಲ್ಲಿ ಹೆಚ್ಚಿನವರು ಅವನನ್ನು ಹಾಸ್ಯಗಾರನೆಂದೂ, ಕೊಂಚ ಮುಂಗೋಪಿಯೆಂದೂ ನೆನೆದರು. ಮೂವತ್ತು ಸಂಪುಟಗಳ ದಿನಚರಿ ಕೊನೆಗೆ ಅಮೆರಿಕದ ಹಾರ್ವರ್ಡ್ ವಿಶ್ವವಿದ್ಯಾಲಯವನ್ನು ಸೇರಿತು. ವಿವಿಯನ್ ನೋಕ್ಸ್ ಎಂಬ ಲೇಖಕಿ ಅವನ್ನು ಓದಿ 1968ರಲ್ಲಿ ಅವನ ಜೀವನಚರಿತ್ರೆಯನ್ನು ಪ್ರಕಟಿಸಿದಾಗ, ಅವನು ತೀರಿಕೊಂಡು ಎಂಬತ್ತು ವರ್ಷಗಳಾಗಿದ್ದವು. ಪುಟಗಳ ಮೇಲಿನ ಆ ಪುಟ್ಟ ಗುರುತುಗಳ ಅರ್ಥ ಓದುಗರಿಗೆ ಕೊನೆಗೂ ತಿಳಿಯಿತು.