ಫಾಲ್ಕೆಯವರ ಪೂರ್ವರಂಗ

ಕುಮಟಾ, ಹೊನ್ನಾವರ, ಭಟ್ಕಳದ ಕಡೆ ಯಕ್ಷಗಾನದ ಆಟ ನೇರವಾಗಿ ಪ್ರಸಂಗದಿಂದ ಆರಂಭವಾಗುತ್ತಿರಲಿಲ್ಲ. ಕೋಡಂಗಿ, ಬಾಲಗೋಪಾಲ, ಸ್ತ್ರೀವೇಷಗಳ ಪೂರ್ವರಂಗ ಮುಗಿದ ಬಳಿಕವೇ ಕಥೆಯ ಪ್ರವೇಶ. ದಾದಾಸಾಹೇಬ್ ಫಾಲ್ಕೆಯವರ ಬದುಕನ್ನು ಓದುವಾಗಲೆಲ್ಲ ನನಗೆ ಇದು ನೆನಪಾಗುತ್ತದೆ. ಅವರ ಕಾಲದಲ್ಲಿ ಈ ಕರಾವಳಿಯೂ ಮುಂಬಯಿ ಪ್ರಾಂತ್ಯಕ್ಕೇ ಸೇರಿತ್ತು.

1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಲೂಮಿಯೇರ್ ಸೋದರರ ಪ್ರತಿನಿಧಿ ತೋರಿಸಿದ್ದು ಆರು ತುಣುಕುಚಿತ್ರಗಳನ್ನು. ಅನಂತರವೂ ಬಹುಕಾಲ ಸಿನಿಮಾ ಎಂದರೆ ಇಂತಹ ತುಣುಕುಗಳ ಕದಂಬವೇ ಆಗಿತ್ತು. 1870ರಲ್ಲಿ ತ್ರ್ಯಂಬಕದಲ್ಲಿ ಜನಿಸಿದ ಫಾಲ್ಕೆ ಚಿತ್ರಕಲೆ, ಛಾಯಾಗ್ರಹಣ, ಮುದ್ರಣಗಳಲ್ಲಿ ಪಳಗಿದವರು. ಕ್ರಿಸ್ತನ ಜೀವನದ ಚಿತ್ರವೊಂದನ್ನು ಕಂಡು ಅವರು ಸಿನಿಮಾದ ಬೆನ್ನು ಹತ್ತಿದರು. 1912ರಲ್ಲಿ ಲಂಡನ್ನಿಗೆ ಹೋಗಿ ಕ್ಯಾಮೆರಾ ತಂದರು. ಹಣ ಹೂಡುವವರನ್ನು ಒಪ್ಪಿಸಲು ಮೊದಲು ತೆಗೆದದ್ದು ಪುರಾಣಕಥೆಯನ್ನಲ್ಲ. ಕುಂಡದಲ್ಲಿ ಬಟಾಣಿ ಮೊಳೆತು ಬೆಳೆಯುವ ಕಿರುಚಿತ್ರವನ್ನು. ದಿನದಿನದ ಬೆಳವಣಿಗೆ ತೆರೆಯ ಮೇಲೆ ಕ್ಷಣಗಳಲ್ಲಿ ಕಂಡಿತು. ಪತ್ನಿ ಸರಸ್ವತಿಬಾಯಿ ಒಡವೆಗಳನ್ನು ಒತ್ತೆಯಿಟ್ಟು ನೆರವಾದರು.

1913ರ ಮೇ 3ರಂದು ಕಾರೋನೇಷನ್ ಚಿತ್ರಮಂದಿರದಲ್ಲಿ 'ರಾಜಾ ಹರಿಶ್ಚಂದ್ರ' ತೆರೆಕಂಡಾಗ, ಅದೇ ಟಿಕೆಟ್ಟಿಗೆ ನೃತ್ಯ, ವಿನೋದ ಪ್ರಹಸನ, ಕಾಲಿನಿಂದ ಆಡುವ ಚಮತ್ಕಾರಗಳೂ ಇದ್ದವು. ತಾರಾಮತಿಯ ಪಾತ್ರವನ್ನು ಯಕ್ಷಗಾನದಂತೆಯೇ ಪುರುಷನೊಬ್ಬ, ಅಣ್ಣಾ ಸಾಳುಂಕೆ, ನಿರ್ವಹಿಸಿದ. ನಮ್ಮ ಮೇಳಗಳಿಗೂ ಪ್ರಿಯವಾದ ಮೋಹಿನಿ–ಭಸ್ಮಾಸುರ ಕಥೆಯನ್ನು ಫಾಲ್ಕೆ ಮುಂದೆ ಚಿತ್ರವಾಗಿಸಿದಾಗ ದುರ್ಗಾಬಾಯಿ ಕಾಮತ್ ಮತ್ತು ಪುತ್ರಿ ಕಮಲಾಬಾಯಿ ನಟಿಸಿದರು. ಅದರ ಜೊತೆಗೆ 'ಪಿಠಾಚೆ ಪಂಜೆ' ಎಂಬ ಕಿರು ಹಾಸ್ಯಚಿತ್ರವನ್ನೂ ತೋರಿಸಲಾಯಿತು. ಮಹಾಯುದ್ಧದ ಮುಗ್ಗಟ್ಟಿನಲ್ಲೂ ಬೆಂಕಿಕಡ್ಡಿಗಳನ್ನೇ ಪಾತ್ರಗಳಾಗಿಸಿ ಚಿತ್ರ ತೆಗೆದರು.

ವಾಕ್ಚಿತ್ರಗಳ ಅಬ್ಬರದಲ್ಲಿ ಅವರು ಹಿಂದೆ ಸರಿದರು. 1937ರ 'ಗಂಗಾವತರಣ'ವೇ ಕೊನೆಯದು. 1944ರ ಫೆಬ್ರವರಿ 16ರಂದು ನಾಸಿಕದಲ್ಲಿ ನಿಧನರಾದರು. 1969ರ ಸಾಲಿನಿಂದ ಅವರ ಹೆಸರಿನಲ್ಲಿ ರಾಷ್ಟ್ರ ಪ್ರಶಸ್ತಿ ನೀಡುತ್ತಿದೆ. ಆದರೆ ಅವರ ಚಿತ್ರಗಳಲ್ಲಿ ಉಳಿದಿರುವುದು ಬೆರಳೆಣಿಕೆಯಷ್ಟು. ಅವೂ ಬಹುಮಟ್ಟಿಗೆ ತುಂಡುತುಂಡಾಗಿ.

ಚಿಕ್ಕದ್ದನ್ನು ಮೊದಲು ಕೈಬಿಡುವುದು ನಮ್ಮ ಚಾಳಿ. ಕಾಲಮಿತಿಯ ಯಕ್ಷಗಾನದಲ್ಲಿ ಮೊದಲು ಕತ್ತರಿ ಬಿದ್ದದ್ದು ಪೂರ್ವರಂಗಕ್ಕೆ. ಫಾಲ್ಕೆಯವರನ್ನು ಪುರಾಣಚಿತ್ರಗಳ ಪಿತಾಮಹರೆಂದು ಮಾತ್ರ ನೆನೆಯುವ ನಾವು, ಅವರ ಸಾಹಸ ಮೊಳೆತದ್ದು ಒಂದು ಬಟಾಣಿ ಕಾಳಿನೊಡನೆ ಎಂಬುದನ್ನು ಮರೆಯುತ್ತೇವೆ. ಉಳಿದಿರುವಷ್ಟನ್ನಾದರೂ ಜತನದಿಂದ ಕಾಪಾಡುವುದು ಪ್ರಶಸ್ತಿಗಿಂತ ದೊಡ್ಡ ಗೌರವವೆಂದು ನಾನು ನಂಬಿದ್ದೇನೆ.